ಸಿರಿಭೂವಲಯಕ್ಕೆ ಬೇಕಿರುವುದು ಲೆಕ್ಕ

ಒಂದೇ ಒಂದು ಅಕ್ಷರವಿಲ್ಲದೆ ಬರೀ ಅಂಕೆಗಳಲ್ಲಿ ಬರೆದ ಕಾವ್ಯ ಸಿರಿಭೂವಲಯ. ಅದರ ಒಂದೊಂದು ಚಕ್ರದಲ್ಲಿ ಅಡ್ಡಕ್ಕೆ 27, ಉದ್ದಕ್ಕೆ 27, ಒಟ್ಟು 729 ಮನೆಗಳಿವೆ. ಪ್ರತಿ ಮನೆಯಲ್ಲೂ 1ರಿಂದ 64ರೊಳಗಿನ ಒಂದು ಅಂಕೆ. 27 ಸ್ವರ, 33 ವ್ಯಂಜನ, 4 ಯೋಗವಾಹ ಸೇರಿದರೆ 64 ಧ್ವನಿ. ಅಂಕೆಯ ಜಾಗಕ್ಕೆ ಅದರ ಧ್ವನಿಯನ್ನಿಟ್ಟು, ಗೊತ್ತುಮಾಡಿದ ದಾರಿಯಲ್ಲಿ ಮನೆಯಿಂದ ಮನೆಗೆ ನಡೆದರೆ ಸಾಂಗತ್ಯ ಎಂಬ ಛಂದಸ್ಸಿನ ಪದ್ಯಗಳು ಹೊರಡುತ್ತವೆ. ಕರ್ತೃ ಕುಮುದೇಂದು ಮುನಿಯ ಊರು ನಂದಿಬೆಟ್ಟದ ಆಸುಪಾಸಿನ ಯಲವಳ್ಳಿ ಎನ್ನುತ್ತಾರೆ. ದೊಡ್ಡಬೆಲೆಯ ಧರಣೇಂದ್ರ ಪಂಡಿತರ ಮನೆಯಲ್ಲಿದ್ದ ಗ್ರಂಥದ ಹಸ್ತಪ್ರತಿ ಪಂಡಿತ ಯಲ್ಲಪ್ಪ ಶಾಸ್ತ್ರಿಗಳ ಕೈಸೇರಿತು. ಕರ್ಲಮಂಗಲಂ ಶ್ರೀಕಂಠಯ್ಯನವರ ದುಡಿಮೆಯೂ ಸೇರಿ 1953ರಲ್ಲಿ ಅಚ್ಚಾಯಿತು. ಅಲ್ಲಿಂದೀಚೆಗೆ ಈ ಗ್ರಂಥದ ಬಗ್ಗೆ ಕೇಳಿಬಂದಿರುವುದು ಹೆಚ್ಚಾಗಿ ಬೆರಗಿನ ಮಾತು: ಇದರಲ್ಲಿ 718 ಭಾಷೆಗಳಿವೆ, ಅಣುವಿಜ್ಞಾನವಿದೆ, ವಿಮಾನವಿದ್ಯೆಯಿದೆ, ಮುಂದೆ ಬರಲಿರುವುದೆಲ್ಲ ಆಗಲೇ ಬರೆದಿಟ್ಟಿದೆ. ಈ ಬೆರಗೇ ಗ್ರಂಥಕ್ಕೆ ಅಡ್ಡಗೋಡೆಯಾಗಿ ನಿಂತಿದೆ ಎಂಬುದು ನನ್ನ ವಾದ.

718 ಎಂಬ ಸಂಖ್ಯೆಯನ್ನೇ ನೋಡಿ. ಯಾರೋ ಚಕ್ರಗಳನ್ನು ಬಿಡಿಸಿ, ಭಾಷೆಗಳನ್ನು ಒಂದೊಂದಾಗಿ ಎಣಿಸಿ ಕೊಟ್ಟ ಲೆಕ್ಕವಲ್ಲ ಅದು. ಕೇವಲಜ್ಞಾನ ಪಡೆದ ತೀರ್ಥಂಕರನಿಗಾಗಿ ದೇವತೆಗಳು ಸಮವಸರಣವೆಂಬ ಸಭಾಮಂಟಪವನ್ನು ರಚಿಸುತ್ತಾರೆ ಎಂದು ಜೈನ ಪುರಾಣಗಳು ವರ್ಣಿಸುತ್ತವೆ. ಅದರ ಹನ್ನೆರಡು ಕೋಷ್ಠಗಳಲ್ಲಿ ದೇವತೆಗಳು, ಮನುಷ್ಯರು, ಪ್ರಾಣಿಗಳು ಕುಳಿತಿರುತ್ತಾರೆ. ಅಲ್ಲಿ ಹೊಮ್ಮುವ ದಿವ್ಯಧ್ವನಿ 18 ಮಹಾಭಾಷೆ, 700 ಕಿರುಭಾಷೆಗಳಾಗಿ ಅವರವರ ನುಡಿಯಲ್ಲಿ ಅವರವರ ಕಿವಿಗೆ ಬೀಳುತ್ತದೆ. ಅದನ್ನು ತೀರ್ಥಂಕರನ ಮುಖ್ಯ ಶಿಷ್ಯರಾದ ಗಣಧರರು ಹನ್ನೆರಡು ಅಂಗಗಳ ಶಾಸ್ತ್ರವಾಗಿ ಅಳವಡಿಸುತ್ತಾರೆ. ಭೂವಲಯದಲ್ಲಿ ಇವೆ ಎನ್ನುವ 363 ಮತಗಳದ್ದೂ ಇದೇ ಕಥೆ: 180 ಕ್ರಿಯಾವಾದ, 84 ಅಕ್ರಿಯಾವಾದ, 67 ಅಜ್ಞಾನವಾದ, 32 ವಿನಯವಾದ ಎಂಬ ಹಳೆಯ ಜೈನ ವಿಂಗಡಣೆಯ ಮೊತ್ತ ಅದು. 64 ಮೂಲಾಕ್ಷರಗಳ ಎಣಿಕೆ ಧವಲಾ ಎಂಬ ಹಳೆಯ ಜೈನ ಟೀಕೆಯಲ್ಲೇ ಇದೆ. ಹಾಗಾಗಿ ಕುಮುದೇಂದು ಮಾಡಹೊರಟದ್ದು ಅಂಕೆಗಳಲ್ಲೊಂದು ಸಮವಸರಣ ಕಟ್ಟುವ ಕೆಲಸ ಎಂದು ನಾನು ಓದುತ್ತೇನೆ. ಮೈಲಾರದ ಜಾತ್ರೆಯಲ್ಲಿ ಗೊರವಯ್ಯ ಬಿಲ್ಲನ್ನೇರಿ ನುಡಿಯುವ ಒಂದು ಸಾಲಿನ ಭವಿಷ್ಯವಾಣಿಗೆ, ಅಂದರೆ ಕಾರಣಿಕಕ್ಕೆ, ರೈತ ಮಳೆಯ ಅರ್ಥ ಹಚ್ಚುತ್ತಾನೆ, ರಾಜಕಾರಣಿ ಕುರ್ಚಿಯ ಅರ್ಥ ಹಚ್ಚುತ್ತಾನೆ. ಕೇಳಿದ ನುಡಿಯನ್ನು ಹಾಗೆ ಬಿಡಿಯಾಗಿ ಬಿಡದೆ ಕ್ರಮಕ್ಕೆ ಕಟ್ಟಿಹಾಕುವುದು ಗಣಧರನ ಕೆಲಸ. ಕುಮುದೇಂದುವಿನ ಹಂಬಲ ಈ ಎರಡನೆಯದು, ಮತ್ತು ಅದು ದೊಡ್ಡ ಹಂಬಲ.

ಆದರೆ ಹಂಬಲ ಬೇರೆ, ಕೈಗೂಡಿದ್ದು ಬೇರೆ. ಗ್ರಂಥಕ್ಕೆ 16,000 ಚಕ್ರಗಳಿದ್ದವು, ಉಳಿದಿರುವುದು 1,270, ಪದ್ಯಗಳು 6 ಲಕ್ಷ ಎಂದು ಹೇಳುತ್ತ ಬಂದಿದ್ದಾರೆ. ಗುಣಿಸಿ ನೋಡೋಣ. 16,000 ಚಕ್ರಗಳೂ ಇದ್ದವೆಂದೇ ಇಟ್ಟುಕೊಂಡರೆ ಮನೆಗಳು 1,16,64,000. ಅದನ್ನು 6 ಲಕ್ಷ ಪದ್ಯಗಳಿಗೆ ಹಂಚಿದರೆ ಒಂದು ಪದ್ಯದ ಪಾಲಿಗೆ ಇಪ್ಪತ್ತು ಮನೆಯೂ ಬರುವುದಿಲ್ಲ. ಇಪ್ಪತ್ತು ಧ್ವನಿಯಲ್ಲಿ ಸಾಂಗತ್ಯದ ಒಂದು ಪದ್ಯ ಮುಗಿಯದು. ಒಂದೇ ಮನೆಯನ್ನು ಬೇರೆ ಬೇರೆ ಬಂಧಗಳಲ್ಲಿ, ಅಂದರೆ ಓದುವ ದಾರಿಗಳಲ್ಲಿ, ಮತ್ತೆ ಮತ್ತೆ ಓದಬೇಕು ಎಂಬುದು ಇದಕ್ಕೆ ಅಭಿಮಾನಿಗಳ ಉತ್ತರ. ಸರಿ, ಆದರೆ ಅಪಾಯ ಶುರುವಾಗುವುದು ಅಲ್ಲಿಯೇ. ಓದುವ ದಾರಿಯನ್ನು ಓದುಗನೇ ಆರಿಸಿಕೊಳ್ಳುವಂತಾದರೆ ಯಾವ ರಾಶಿಯಿಂದಲಾದರೂ ಬೇಕಾದ ಮಾತನ್ನು ಹೆಕ್ಕಬಹುದು. 1997ರಲ್ಲಿ ಮೈಕೆಲ್ ಡ್ರಾಸ್ನಿನ್ ಎಂಬ ಅಮೆರಿಕದ ಪತ್ರಕರ್ತ ಹೀಬ್ರೂ ಬೈಬಲಿನ ಅಕ್ಷರಗಳನ್ನು ಸಮಾನ ಅಂತರದಲ್ಲಿ ಹಾರಿಸಿ ಓದಿ, ನಾಯಕರ ಹತ್ಯೆಗಳ ಭವಿಷ್ಯ ಅದರಲ್ಲಿದೆ ಎಂದ. ಆಸ್ಟ್ರೇಲಿಯದ ಗಣಿತಜ್ಞ ಬ್ರೆಂಡನ್ ಮೆಕೇ ಅದೇ ಉಪಾಯದಿಂದ ಮೊಬಿ ಡಿಕ್ ಎಂಬ ತಿಮಿಂಗಿಲ ಬೇಟೆಯ ಕಾದಂಬರಿಯಲ್ಲೂ ಅಂಥ ಹತ್ಯೆಗಳ ‘ಭವಿಷ್ಯ’ವನ್ನು ತೆಗೆದು ತೋರಿಸಿದರು. ಭೂವಲಯದಲ್ಲಿ ಅಣುವನ್ನೋ ವಿಮಾನವನ್ನೋ ಕಂಡೆ ಎನ್ನುವವರು ಮೊದಲು ಹೇಳಬೇಕಾದದ್ದು ಇಷ್ಟೇ: ಓದುವ ನಿಯಮ ಮುಂಚೆಯೇ ಗೊತ್ತಿತ್ತೋ, ಉತ್ತರ ಸಿಕ್ಕ ಮೇಲೆ ಹುಟ್ಟಿತೋ?

ಹಾಗಿದ್ದರೆ ಇಡೀ ಗ್ರಂಥವೇ ಕಟ್ಟುಕಥೆ ಎನ್ನುವವರಿಗೂ ಇದೇ ತಕ್ಕಡಿ. ಗೊತ್ತಾದ ಒಂದೇ ಕ್ರಮದಲ್ಲಿ ನಡೆದಾಗ ಚಕ್ರದ ನಂತರ ಚಕ್ರ ಛಂದೋಬದ್ಧವಾದ, ಅರ್ಥವುಳ್ಳ ಕನ್ನಡ ಬರುತ್ತದಾದರೆ ಅದು ಆಕಸ್ಮಿಕವಾಗಿರಲಾರದು. ಯಾರೋ ಅಪಾರ ತಾಳ್ಮೆಯಿಂದ ಹೆಣೆದದ್ದು. ಯಾವಾಗ ಹೆಣೆದದ್ದು ಎಂಬುದು ಬೇರೆ ಪ್ರಶ್ನೆ. ಅಮೋಘವರ್ಷ ನೃಪತುಂಗನ ಕಾಲ, ಅಂದರೆ 9ನೇ ಶತಮಾನ ಎಂದು ಗ್ರಂಥದ ಪರವಾದವರು ಹೇಳುತ್ತಾರೆ. ಅದೇ ಕಾಲದ ಕವಿರಾಜಮಾರ್ಗದ ಹಳಗನ್ನಡವನ್ನು ಇದರ ಭಾಷೆಯ ಪಕ್ಕದಲ್ಲಿಟ್ಟರೆ ಈ ಮಾತು ನಿಲ್ಲುವುದು ಕಷ್ಟ. ಸಾಂಗತ್ಯ ಕೃತಿಗಳು ನಮಗೆ ಸಿಗುವುದು 13ನೇ ಶತಮಾನದ ಶಿಶುಮಾಯಣನಿಂದೀಚೆಗೆ. ಆ ಛಂದಸ್ಸು ತುಂಬು ಹರಯಕ್ಕೆ ಬಂದದ್ದು 16ನೇ ಶತಮಾನದ ರತ್ನಾಕರವರ್ಣಿಯಲ್ಲಿ. ಕಾಲ ಈಚೆಗೆ ಬಂದರೆ ಗೌರವ ಕುಗ್ಗುತ್ತದೆ ಎಂಬ ಅಂಜಿಕೆ ಬೇಡ. ರತ್ನಾಕರವರ್ಣಿಯ ಭರತೇಶವೈಭವ 16ನೇ ಶತಮಾನದ್ದೆಂದು ಯಾರೂ ಅದನ್ನು ಕೀಳುಗಳೆದಿಲ್ಲ. ಪವಿತ್ರ ಗ್ರಂಥವನ್ನು ಗಣಿತದ ಒರೆಗೆ ಹಚ್ಚುವುದು ಶ್ರದ್ಧೆಗೆ ಅಪಚಾರ ಎಂಬ ಆಕ್ಷೇಪವೂ ಉಂಟು. ಆದರೆ ಅಕ್ಷರ ಬಿಟ್ಟು ಅಂಕೆಯನ್ನು ಆರಿಸಿಕೊಂಡವನು ಕವಿಯೇ. ಲೆಕ್ಕ ಹಾಕಿ ಓದು ಎಂದು ಕೇಳಿಕೊಂಡ ಕಾವ್ಯವನ್ನು ಲೆಕ್ಕ ಹಾಕಿಯೇ ಓದುವುದು ಅದಕ್ಕೆ ಸಲ್ಲಿಸುವ ಮರ್ಯಾದೆ.

ಉಳಿದಿರುವ 1,270 ಚಕ್ರಗಳೆಂದರೆ 9,25,830 ಅಂಕೆಗಳು. ಇಂದಿನ ಸಾಧಾರಣ ಕಂಪ್ಯೂಟರಿಗೆ ಅದು ಕ್ಷಣದ ಕೆಲಸ. ಹಸ್ತಪ್ರತಿಯ ಪುಟಗಳ ಚಿತ್ರ, ಅಂಕೆಗಳ ಪಟ್ಟಿ, ಪ್ರತಿ ಬಂಧದ ನಿಯಮ, ಈ ಮೂರೂ ಯಾರು ಬೇಕಾದರೂ ತೆಗೆದು ನೋಡುವಂತಿರಬೇಕು. ಎಲ್ಲಿ ನಿಯಮ ಮುರಿಯುತ್ತದೆ, ಎಲ್ಲಿ ಸಂಪಾದಕರು ಅಂಕೆ ತಿದ್ದಿದ್ದಾರೆ ಎಂಬುದೂ ಅದರಲ್ಲಿ ಕಾಣಬೇಕು. ಹಳಗನ್ನಡ, ಪ್ರಾಕೃತ ಬಲ್ಲವರೂ ಗಣಿತ ಬಲ್ಲವರೂ ಒಂದೇ ಮೇಜಿಗೆ ಕೂರಬೇಕು. ಮೈಸೂರಿನ ಕುವೆಂಪು ಕನ್ನಡ ಅಧ್ಯಯನ ಸಂಸ್ಥೆ, ಶ್ರವಣಬೆಳಗೊಳದ ಪ್ರಾಕೃತ ಸಂಸ್ಥೆ, ಹಂಪಿಯ ಕನ್ನಡ ವಿಶ್ವವಿದ್ಯಾಲಯ ಸೇರಿದರೆ ಆಗದ ಕೆಲಸವಲ್ಲ ಇದು. ಮೊದಲು ಅಚ್ಚಾಗಿ ಎಪ್ಪತ್ತು ವರ್ಷ ದಾಟಿದೆ. ಭೂವಲಯದ ಹೆಸರಿನಲ್ಲಿ ಇನ್ನೊಂದು ಸನ್ಮಾನ ಸಮಾರಂಭ ಏರ್ಪಡಿಸುವ ಮೊದಲು ಆ ಅಂಕೆಗಳನ್ನು ನಾಡಿನ ಮುಂದೆ ಹರಡಿ.