ಅಜ್ಜನ ಸಿನಿಮಾ ಎಲ್ಲಿದೆ?

‘ಇಡೀ ದಿನ ಮೊಬೈಲ್ ಒತ್ತುತ್ತಿರ್ತೀಯಲ್ಲ ಪುಟ್ಟಾ, ನಮ್ಮ ಕಾಲದ ಸ್ಕೂಲ್ ಮಾಸ್ಟರ್ ಸಿನಿಮಾ ಸಿಗುತ್ತಾ ನೋಡು’ ಎಂದರು ಅಜ್ಜ. ಪದವಿ ಮುಗಿಸಿ, ಸ್ಪರ್ಧಾತ್ಮಕ ಪರೀಕ್ಷೆಗೆ ಓದುತ್ತಾ ಮನೆಯಲ್ಲೇ ಇರುವ ನನಗೆ ಅದು ಎರಡು ನಿಮಿಷದ ಕೆಲಸ ಅನಿಸಿತು. ಹಿಡಿದದ್ದು ಎರಡು ಸಂಜೆ.

ಹೆಸರು ಹಾಕಿ ಹುಡುಕಿದರೆ ಮೊದಲು ಹಿಂದಿಯದು ಬಂತು, ಆಮೇಲೆ ಮಲಯಾಳದ್ದು. ಬಿ.ಆರ್. ಪಂತುಲು 1958ರಲ್ಲಿ ಕನ್ನಡದಲ್ಲಿ ತೆಗೆದ ಈ ಚಿತ್ರ ಮರುವರ್ಷ ಹಿಂದಿಯಲ್ಲಿ, 1964ರಲ್ಲಿ ನಮ್ಮ ಪುಟ್ಟಣ್ಣ ಕಣಗಾಲರ ನಿರ್ದೇಶನದಲ್ಲಿ ಮಲಯಾಳದಲ್ಲಿ ಅದೇ ಹೆಸರಿನಿಂದ ಬಂದಿತ್ತು. ವರ್ಷ, ಭಾಷೆ, ನಿರ್ದೇಶಕರ ಹೆಸರು ಸೇರಿಸಿದ ಮೇಲೆ ಕನ್ನಡದ್ದು ಸಿಕ್ಕಿತು. ನನಗೆ ಸಿಕ್ಕ ಪ್ರತಿ ಮಸುಕಾಗಿತ್ತು, ನಡುನಡುವೆ ದೃಶ್ಯಗಳೇ ಹಾರಿಹೋಗಿದ್ದವು, ಮೂಲೆಯಲ್ಲಿ ಯಾರದೋ ಲೋಗೊ. ಆದರೂ ಮಕ್ಕಳು ಕೈಬಿಟ್ಟ ಮೇಷ್ಟ್ರಿಗೆ ಹಳೆಯ ಶಿಷ್ಯ ಆಸರೆಯಾದಾಗ, ತಾವೂ ಮೇಷ್ಟ್ರಾಗಿದ್ದ ಅಜ್ಜ ಟವೆಲ್‌ನಿಂದ ಕಣ್ಣೊರೆಸಿಕೊಂಡರು.

‘ಎಲ್ಲಾ ನೆಟ್‌ನಲ್ಲಿದೆ’ ಎಂಬ ನನ್ನ ನಂಬಿಕೆ ಅಂದೇ ಸಡಿಲವಾಯಿತು. 1934ರ ‘ಸತಿ ಸುಲೋಚನ’ ಕನ್ನಡದ ಮೊದಲ ವಾಕ್ಚಿತ್ರ ಎಂದು ಸಾಮಾನ್ಯ ಜ್ಞಾನದ ಪುಸ್ತಕದಲ್ಲಿ ಉರು ಹೊಡೆಯುತ್ತೇವೆ. ಅದರ ಒಂದು ಪ್ರಿಂಟ್ ಕೂಡ ಉಳಿದಿಲ್ಲ. ಹಳೆಯ ಚಿತ್ರಗಳನ್ನು ಕಾಪಾಡಲೆಂದೇ ಪುಣೆಯಲ್ಲಿ 1964ರಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಶುರುವಾಯಿತು. ಅಷ್ಟರೊಳಗೆ ಎಷ್ಟೋ ರೀಲುಗಳು ಗೋದಾಮುಗಳಲ್ಲೇ ಹಾಳಾಗಿದ್ದವು.

ನಮ್ಮ ಕಾನೂನಿನಲ್ಲಿ ಸಿನಿಮಾದ ಹಕ್ಕುಸ್ವಾಮ್ಯ ಬಿಡುಗಡೆಯಾದ ಮೇಲೆ 60 ವರ್ಷ ಮಾತ್ರ. ಹಾಡು, ಕಥೆಗಳ ಹಕ್ಕು ಬೇರೆ ಇರಬಹುದು. ಅದನ್ನು ಇತ್ಯರ್ಥ ಮಾಡಿಕೊಳ್ಳುವುದು ಅಸಾಧ್ಯವೇನಲ್ಲ. ಅವಧಿ ಮುಗಿದ ಕನ್ನಡ ಚಿತ್ರಗಳ ಒಳ್ಳೆಯ ಪ್ರತಿಗಳನ್ನು ಸರ್ಕಾರವೇ ಒಂದು ಉಚಿತ ಡಿಜಿಟಲ್ ಸಂಗ್ರಹದಲ್ಲಿ ಯಾಕೆ ಇಡಬಾರದು? ಹೊಸ ಚಿತ್ರಗಳಿಗೆ ಸಬ್ಸಿಡಿ ಕೊಡುವ ರಾಜ್ಯಕ್ಕೆ ಇದು ದೊಡ್ಡ ಹೊರೆಯಲ್ಲ. ಗಿರೀಶ ಕಾಸರವಳ್ಳಿಯವರ ‘ಘಟಶ್ರಾದ್ಧ’ವನ್ನು ಫಿಲ್ಮ್ ಹೆರಿಟೇಜ್ ಫೌಂಡೇಶನ್ ಮುಂತಾದ ಸಂಸ್ಥೆಗಳು ಸೇರಿ ದುರಸ್ತಿ ಮಾಡಿ, 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಿದವು. ಮನಸ್ಸು ಮಾಡಿದರೆ ಆಗುತ್ತದೆ.

ಇದು ಸರ್ಕಾರದ ಕೆಲಸ ಮಾತ್ರವೂ ಅಲ್ಲ. ಹುಡುಕುವವರಿಗೆ ಚಿತ್ರ ಸಿಗದಿರಲು ಅರ್ಧ ಕಾರಣ ತಪ್ಪು ಹೆಸರು, ತಪ್ಪು ವರ್ಷ. ಅದನ್ನು ನಾವೇ ಸರಿಮಾಡಬಹುದು. ಮನೆಯ ಹಿರಿಯರ ಪಕ್ಕ ಒಂದು ಗಂಟೆ ಕೂತು ಅವರು ನೋಡಿದ ಚಿತ್ರಗಳ ಹೆಸರು, ನಟರು, ನೋಡಿದ ಟಾಕೀಸು ಬರೆದುಕೊಳ್ಳೋಣ. ಸಿಕ್ಕ ಚಿತ್ರದ ಕೆಳಗೆ ಸರಿಯಾದ ವಿವರವನ್ನು ಕನ್ನಡದಲ್ಲೇ ಸೇರಿಸೋಣ.

ಅಜ್ಜ ಈಗ ‘ಮಕ್ಕಳ ರಾಜ್ಯ’ ಕೇಳುತ್ತಿದ್ದಾರೆ. ಅವರಿಗೆ ಎಂಬತ್ತನಾಲ್ಕು. ಪರೀಕ್ಷೆಯ ಓದು ಒಂದು ಸಂಜೆ ಕಾಯುತ್ತದೆ, ಅಜ್ಜನ ವಯಸ್ಸು ಕಾಯುವುದಿಲ್ಲ.