ಹತ್ತಿಯ ಮೇಲೆ ಮದ್ದುಗುಂಡು ಹೇರಿದ ಹಡಗು

ಹತ್ತಿ ಬಿಡಿಸುವ ಕಾಲದಲ್ಲಿ ಒಮ್ಮೆ ಕೆಲಸದ ಮೇಲೆ ವಳಕಮದಿನ್ನಿಗೆ ಹೋಗಿದ್ದೆ. ದಿನ್ನಿ ಎಂದರೆ ದಿಬ್ಬ. ರಾಯಚೂರು ಸೀಮೆಯಲ್ಲಿ ಇಂಥ ಹೆಸರಿನ ಊರುಗಳಿಗೆ ಬರವಿಲ್ಲ. ನಾನು ತಂಗಿದ್ದ ಮನೆಯ ಪಡಸಾಲೆಯ ಅರ್ಧ ಭಾಗ ಹತ್ತಿಯ ರಾಶಿ. ರೇಟು ಏರಲೆಂದು ಕಾದಿದ್ದರು. ಉಳಿದರ್ಧದಲ್ಲಿ ಹತ್ತನೆಯ ತರಗತಿಯ ಹುಡುಗನ ಪುಸ್ತಕ, ಹಾಸಿಗೆ. ರಾಶಿಯ ಮಗ್ಗುಲಲ್ಲೇ ಔಷಧಿ ಹೊಡೆಯುವ ಯಂತ್ರ, ಅದರ ಪೆಟ್ರೋಲಿನ ಕ್ಯಾನು.

ಸಂಜೆ ಹುಡುಗನ ತಾಯಿ ಬಂದು ರಾಶಿಯೊಳಗೆ ಮೊಣಕೈವರೆಗೆ ಕೈ ತೂರಿಸಿ ನೋಡಿದರು. ಏಕೆಂದು ಕೇಳಿದೆ. ‘ಹಸಿ ಹತ್ತಿ ಒಟ್ಟಿದ್ರ ಒಳಗ ಕಾವು ಹಿಡಿತೈತ್ರಿ ಅಣ್ಣಾರ’ ಎಂದರು. ಹುಡುಗ ಪುಸ್ತಕದಿಂದ ತಲೆಯೆತ್ತಿ, ‘ತಾನ ಬೆಂಕಿ ಹತ್ತತೈತೇನ್ರಿ ಸರ್?’ ಎಂದ. ಆಗ ನಾನು ಅವನಿಗೆ ಒಂದು ಹಡಗಿನ ಕತೆ ಹೇಳಿದೆ. ಸಮುದ್ರವನ್ನೇ ಕಾಣದ ಊರಿನಲ್ಲಿ ಹಡಗಿನ ಕತೆ ಏಕೆ ಎಂದು ನಿಮಗೂ ಅನ್ನಿಸಬಹುದು. ಆ ಹಡಗಿನಲ್ಲೂ ಹತ್ತಿ ಇತ್ತು.

ಹೆಸರು ಫೋರ್ಟ್ ಸ್ಟಿಕೀನ್. ಎರಡನೆಯ ಮಹಾಯುದ್ಧದಲ್ಲಿ ಜರ್ಮನಿಯ ಜಲಾಂತರ್ಗಾಮಿಗಳು ಬ್ರಿಟನ್ನಿನ ಸರಕು ಹಡಗುಗಳನ್ನು ಒಂದರ ಹಿಂದೊಂದು ಮುಳುಗಿಸುತ್ತಿದ್ದವು. ಮುಳುಗಿದ್ದಕ್ಕಿಂತ ಬೇಗ ಹೊಸದನ್ನು ಕಟ್ಟದೆ ಗತಿಯಿರಲಿಲ್ಲ. ಅಮೆರಿಕ ಒಂದೇ ಮಾದರಿಯ 2,710 ಲಿಬರ್ಟಿ ಹಡಗುಗಳನ್ನು ಕಟ್ಟಿತು. ಕೆನಡಾ ಕಟ್ಟಿದ ಅಂಥವುಗಳಲ್ಲಿ ಒಂದು ಗುಂಪಿಗೆ ‘ಫೋರ್ಟ್’ ಹಡಗುಗಳೆಂದು ಹೆಸರು; ಹಿಂದೆ ತುಪ್ಪಳು ಚರ್ಮದ ವ್ಯಾಪಾರಿಗಳು ಕಟ್ಟಿದ್ದ ಕೋಟೆಗಳ ಹೆಸರುಗಳನ್ನು ಇವಕ್ಕೆ ಇಟ್ಟರು. ನಮ್ಮ ಹಡಗು 1942ರಲ್ಲಿ ಕೆನಡಾದ ಪಶ್ಚಿಮ ಕರಾವಳಿಯ ಪ್ರಿನ್ಸ್ ರೂಪರ್ಟ್ ಎಂಬಲ್ಲಿ ತಯಾರಾಯಿತು. ತೂಕ 7,142 ಟನ್ (ಹಡಗಿನ ಲೆಕ್ಕದ ಈ ಟನ್ನು ತೂಕವಲ್ಲ, ಒಳಗಿನ ಜಾಗದ ಅಳತೆ, ನಾನೂ ಬಾಯಿತಪ್ಪಿ ತೂಕ ಎಂದೆ).

ಇವು ಚೆಲುವಿಗೆ ಕಟ್ಟಿದ ಹಡಗುಗಳಲ್ಲ. ಯಂತ್ರವೂ ಆ ಕಾಲಕ್ಕೇ ಹಳೆಯದು. ಸಿಂಧನೂರಿನ ಕಡೆ ಕುಚ್ಚಲಕ್ಕಿ ಮಿಲ್ಲುಗಳಲ್ಲಿ ಹೊಟ್ಟು ಉರಿಸಿ ಉಗಿ ಮಾಡುವ ಬಾಯ್ಲರ್ ನೋಡಿದವರಿಗೆ ಇದು ಸುಲಭವಾಗಿ ಅರ್ಥವಾಗುತ್ತದೆ. ಇಲ್ಲಿ ಹೊಟ್ಟಿನ ಬದಲು ಕಲ್ಲಿದ್ದಲು. ಉಗಿ ಮೊದಲು ಸಣ್ಣ ಸಿಲಿಂಡರಿಗೆ ನುಗ್ಗಿ ಕೊಳವೆಯೊಳಗಿನ ದಂಡವನ್ನು ತಳ್ಳುತ್ತದೆ. ಅಲ್ಲಿ ಒತ್ತಡ ಇಳಿದ ಉಗಿಯನ್ನು ಹೊರಗೆ ಬಿಡದೆ ಇನ್ನೂ ದೊಡ್ಡ ಸಿಲಿಂಡರಿಗೆ, ಅಲ್ಲಿಂದ ಮೂರನೆಯದಕ್ಕೆ ಕಳಿಸಿ ಉಳಿದ ಕಸುವನ್ನೂ ಹಿಂಡಿಕೊಳ್ಳುತ್ತಾರೆ. ವೇಗ ಸುಮಾರು 11 ನಾಟ್, ಅಂದರೆ ಗಂಟೆಗೆ 20 ಕಿಲೋಮೀಟರ್. ಸೈಕಲ್ ತುಳಿಯುವ ಗಟ್ಟಿ ಹುಡುಗ ಜೊತೆಗೆ ಹೋದಾನು. ಆದರೆ ರಿಪೇರಿ ಸುಲಭ, ನಡೆಸುವವರು ಎಲ್ಲ ಬಂದರಿನಲ್ಲೂ ಸಿಗುತ್ತಿದ್ದರು. ಯುದ್ಧಕ್ಕೆ ಬೇಕಾದದ್ದು ಅಷ್ಟೇ.

1944ರ ಫೆಬ್ರವರಿ 24ರಂದು ಫೋರ್ಟ್ ಸ್ಟಿಕೀನ್ ಇಂಗ್ಲೆಂಡಿನ ಬರ್ಕನ್‌ಹೆಡ್‌ನಿಂದ ಹೊರಟಿತು. ಒಳಗೆ ಬಿಚ್ಚಿಟ್ಟ ಯುದ್ಧವಿಮಾನಗಳು, ಸುಮಾರು 1,400 ಟನ್ ಸಿಡಿಮದ್ದು ಮತ್ತು ಶೆಲ್ಲುಗಳು, ಜೊತೆಗೆ 31 ಪೆಟ್ಟಿಗೆಗಳಲ್ಲಿ 124 ಚಿನ್ನದ ಗಟ್ಟಿಗಳು. ಜಿಬ್ರಾಲ್ಟರ್, ಸುಯೆಜ್ ದಾಟಿ ಕರಾಚಿಗೆ ಬಂದು ವಿಮಾನಗಳನ್ನು ಇಳಿಸಿತು. ಖಾಲಿಯಾದ ಜಾಗವನ್ನು ಹಾಗೇ ಬಿಡುವ ಕಾಲವಲ್ಲ ಅದು. ಅಲ್ಲಿ 8,700 ಹತ್ತಿ ಬೇಲುಗಳನ್ನು ಹೇರಿದರು. ಎಣ್ಣೆಯ ಪೀಪಾಯಿ, ಮರ, ಗಂಧಕ, ರಾಳ, ಹಳೆ ಕಬ್ಬಿಣವನ್ನೂ ತುಂಬಿದರು. ಎರಡನೆಯ ಸರಕುಕೋಣೆಯಲ್ಲಿ ಕೆಳಗೆ ಹತ್ತಿ, ಅದರ ಮೇಲೆ ಮದ್ದುಗುಂಡು.

ಏಪ್ರಿಲ್ 12ರಂದು ಹಡಗು ಮುಂಬಯಿಯ ವಿಕ್ಟೋರಿಯಾ ಡಾಕ್ ಸೇರಿತು. ಅಪಾಯದ ಸರಕಿದೆ ಎಂದು ತಿಳಿಸುವ ಕೆಂಪು ಬಾವುಟ ಏರಿಸಿರಲಿಲ್ಲ. ಮದ್ದು ಇಳಿಸುವ ಕೆಲಸವೂ ತಡವಾಯಿತು. 14ರ ಮಧ್ಯಾಹ್ನ ಎರಡನೆಯ ಕೋಣೆಯಿಂದ ಹೊಗೆ ಕಾಣಿಸಿತು.

ಇಲ್ಲಿ ಹುಡುಗನ ಪ್ರಶ್ನೆಗೆ ಬರೋಣ. ಹಸಿ ಹತ್ತಿಯಲ್ಲಿ ಸೂಕ್ಷ್ಮಜೀವಿಗಳು ಬೆಳೆದು ಶಾಖ ಹುಟ್ಟುತ್ತದೆ. ರಾಶಿ ದಪ್ಪಗಿದ್ದರೆ ಅದು ಹೊರಬೀಳಲು ದಾರಿಯಿಲ್ಲ. ಎಣ್ಣೆ ಕುಡಿದ ಹತ್ತಿ, ಅದರಲ್ಲೂ ಅಗಸೆಯಂಥ ಬೀಜದೆಣ್ಣೆಯಾದರೆ, ಗಾಳಿಯೊಂದಿಗೆ ಸೇರಿ ತಾನಾಗಿಯೇ ಕಾದು ಹೊತ್ತಿಕೊಳ್ಳಬಲ್ಲದು. ಹೊತ್ತಿದ ಮೇಲೆ ಇನ್ನೊಂದು ಕಷ್ಟ: ಎಳೆಗಳ ನಡುವೆ ಗಾಳಿ ಇರುವುದರಿಂದ ಬೇಲು ಒಳಗೊಳಗೇ ಕೆಂಡವಾಗುತ್ತದೆ. ನೀರು ಹೊಯ್ದರೆ ಮೇಲ್ಭಾಗ ತೊಯ್ಯುತ್ತದೆ, ಒಳಗಿನ ಕೆಂಡ ಹಾಗೇ ಇರುತ್ತದೆ. ಆ ದಿನ ಮೊದಲ ಕಿಡಿ ಹುಟ್ಟಿದ್ದು ಹೀಗೋ, ಯಾರದೋ ಬೀಡಿ ಸಿಗರೇಟಿನಿಂದಲೋ, ಬೆಂಕಿಯ ಮೂಲ ಹತ್ತಿ ಬೇಲುಗಳೇ ಇರಬೇಕೆಂದು ಆಮೇಲೆ ವಿಚಾರಣೆ ಹೇಳಿತು.

ಅಗ್ನಿಶಾಮಕ ದಳ 900 ಟನ್ನಿಗೂ ಹೆಚ್ಚು ನೀರು ಸುರಿಯಿತು. ಒಳಗಿನ ಶಾಖಕ್ಕೆ ಆ ನೀರೇ ಕುದಿಯತೊಡಗಿತು. ಸರಕುಕೋಣೆಯನ್ನು ಮುಚ್ಚಿ ಉಗಿ ಬಿಟ್ಟು, ಗಾಳಿಯನ್ನು ಹೊರದೂಡಿ ಬೆಂಕಿಯ ಉಸಿರು ಕಟ್ಟಿಸುವ ಏರ್ಪಾಡು ಹಡಗಿನಲ್ಲಿತ್ತು. ಉಗಿಯ ಹಡಗು, ಆದರೂ ಉಗಿಯನ್ನು ಬಳಸಲಿಲ್ಲ. ಇದನ್ನು ಓದಿದಾಗಲೆಲ್ಲ ನನಗೆ ಕೈಕೈ ಹಿಸುಕಿಕೊಳ್ಳುವಂತಾಗುತ್ತದೆ. ದಳಕ್ಕೆ ಸುದ್ದಿ ಮುಟ್ಟಿಸುವುದರಲ್ಲೂ ತಡವಾಗಿತ್ತು.

3.50ಕ್ಕೆ ಹಡಗು ಬಿಡಲು ಆಜ್ಞೆಯಾಯಿತು. 4 ಗಂಟೆ 6 ನಿಮಿಷಕ್ಕೆ ಮೊದಲ ಸ್ಫೋಟ, 4.34ಕ್ಕೆ ಎರಡನೆಯದು. ಸುಮಾರು 1,400 ಕಿಲೋಮೀಟರ್ ದೂರದ ಸಿಮ್ಲಾದಲ್ಲಿ ಭೂಕಂಪಮಾಪಕ ಅಲುಗಿತು. ಪಕ್ಕದಲ್ಲಿದ್ದ ‘ಜಲಪದ್ಮ’ ಎಂಬ ನಮ್ಮದೇ ಸಿಂಧಿಯಾ ಕಂಪನಿಯ ಹಡಗನ್ನು ಅಲೆ ಎತ್ತಿ ದಡಕ್ಕೆ ಎಸೆಯಿತು. ಸತ್ತವರು 700ಕ್ಕೂ ಹೆಚ್ಚೆಂದು ಸರ್ಕಾರಿ ಲೆಕ್ಕ. ಬಂದರಿನ ಕೂಲಿಗಳನ್ನೆಲ್ಲ ಯಾರು ಸರಿಯಾಗಿ ಎಣಿಸಿದ್ದರು? ಬಂಗಾಳದ ಭೀಕರ ಕ್ಷಾಮದ ಮರುವರ್ಷ ಅದು; 50,000 ಟನ್ನಿಗೂ ಹೆಚ್ಚು ದವಸ ಗೋದಾಮುಗಳಲ್ಲಿ ಸುಟ್ಟು ಹಾಳಾಯಿತು. ಯುದ್ಧಕಾಲದ ನಿರ್ಬಂಧದಿಂದಾಗಿ ನಮ್ಮ ಪತ್ರಿಕೆಗಳು ಮೇ ತಿಂಗಳವರೆಗೆ ಬಾಯಿ ಬಿಡುವಂತಿರಲಿಲ್ಲ. ಜಪಾನೀಯರ ಹಿಡಿತದಲ್ಲಿದ್ದ ಸೈಗಾನ್ ರೇಡಿಯೋ ಮಾತ್ರ ಮರುದಿನವೇ ಸಾರಿತು. ಅವಶೇಷ ತೆಗೆದು ಬಂದರನ್ನು ಮತ್ತೆ ನಡೆಯುವಂತೆ ಮಾಡಲು 8,000 ಆಳುಗಳು ಏಳು ತಿಂಗಳು ದುಡಿದರು.

ಹೀಗೆ ಆ ಹಡಗಿನ ದುಡಿಮೆಯ ಆಯುಸ್ಸು ಎರಡು ವರ್ಷವನ್ನೂ ಮುಟ್ಟಲಿಲ್ಲ. ಮುಳುಗಿಸಿದ್ದು ಶತ್ರುವೂ ಅಲ್ಲ. ಬೆಂಕಿ ಆರಿಸಲು ಹೋದ ಮುಂಬಯಿ ಅಗ್ನಿಶಾಮಕ ದಳದ 66 ಮಂದಿ ಅಂದು ಮಡಿದರು. ಪ್ರತಿ ವರ್ಷ ಏಪ್ರಿಲ್ 14ರಿಂದ 20ರವರೆಗೆ ದೇಶದಾದ್ಯಂತ ಅಗ್ನಿಶಾಮಕ ಸಪ್ತಾಹ ನಡೆಯುವುದು ಇವರ ನೆನಪಿಗೆ. ಅದೇ ದಿನ ಅಂಬೇಡ್ಕರ್ ಜಯಂತಿಯ ರಜೆ. ರಜೆ ಕೊಟ್ಟದ್ದು ಗೊತ್ತು, ಅಗ್ನಿಶಾಮಕ ಠಾಣೆಯಲ್ಲಿ ಮೌನ ಆಚರಿಸುವುದು ಏಕೆಂದು ನಮ್ಮ ಎಷ್ಟೋ ಮಕ್ಕಳಿಗೆ ಗೊತ್ತಿರಲಿಕ್ಕಿಲ್ಲ.

ಕತೆ ಮುಗಿಯುವ ಮೊದಲೇ ಹುಡುಗನ ತಾಯಿ ಎದ್ದು ಪೆಟ್ರೋಲಿನ ಕ್ಯಾನನ್ನು ದನದ ಕೊಟ್ಟಿಗೆಯತ್ತ ಒಯ್ದರು. ‘ಅಲ್ಲಿ ಮೇವು ಐತಲ್ಲಬೇ’ ಎಂದ ಹುಡುಗ. ಅದೂ ನಿಜವೇ. ಕೊನೆಗೆ ಕ್ಯಾನು ಹಿತ್ತಲಿನ ಖಾಲಿ ಬಚ್ಚಲು ಸೇರಿತು. ಹುಡುಗ ಬಂದು ಕೂತು ನನ್ನನ್ನು ಕೇಳಿದ: ‘ಬಂಗಾರ ಎಲ್ಲಿ ಹೋತ್ರಿ ಸರ್?’

ಗಟ್ಟಿಗಳು ಸ್ಫೋಟದಲ್ಲಿ ಚದರಿದವು. ಒಂದಂತೂ ಒಂದು ಮೈಲಿಗೂ ದೂರದ ಮನೆಯೊಂದರ ಮೇಲೆ ಬಿತ್ತು. ಮನೆಯಾತ ಅದನ್ನು ಹಿಂದಿರುಗಿಸಿದ. ಬಹುಪಾಲು ಆಮೇಲೆ ಸಿಕ್ಕಿತು. 1970ರ ದಶಕದಲ್ಲೂ ಬಂದರಿನ ಹೂಳೆತ್ತುವಾಗ ಗಟ್ಟಿಗಳು ಸಿಗುತ್ತಿದ್ದವು.