ದೂರದ ಅಪ್ಪನೊಂದಿಗೆ ಆಟ: ಸಂಪರ್ಕ ಏಕೆ ಕಡಿಯುತ್ತದೆ?



ಈ ಪುಟಕ್ಕೆ ಬರುವ ಪ್ರಶ್ನೆಗಳಲ್ಲಿ ಮಕ್ಕಳ ಕಂಪ್ಯೂಟರ್ ಆಟದ ಕುರಿತಾದವುಗಳಿಗೆ ಬರವಿಲ್ಲ. ಹೆಚ್ಚಿನ ಪಾಲಕರು ಕೇಳುವುದು ಒಂದೇ, ಅದನ್ನು ಬಿಡಿಸುವುದು ಹೇಗೆಂದು. ಆದರೆ ಈ ಸಲ ವಾಸ್ಕೊದಲ್ಲಿ ನೆಲೆಸಿರುವ ಒಬ್ಬ ತಾಯಿ ಅದಕ್ಕೆ ತೀರ ಉಲ್ಟಾ ಪ್ರಶ್ನೆ ಕೇಳಿದರು: "ಫಾದರ್, ಆ ಆಟ ಮತ್ತ ಚಾಲೂ ಆಗೂಹಂಗ ಮಾಡಾಕ ಬರತೈತೇನ್ರಿ?"

ಮೂಲ ಗದಗದ ಕಡೆಯ ಕುಟುಂಬ. ತಂದೆ ಕುವೈತ್‌ನಲ್ಲಿ ದುಡಿಯುತ್ತಾರೆ. ಒಂಬತ್ತನೆಯ ಮತ್ತು ಹನ್ನೆರಡನೆಯ ತರಗತಿಯಲ್ಲಿ ಓದುವ ಇಬ್ಬರು ಗಂಡುಮಕ್ಕಳು. ಕುವೈತ್‌ನಲ್ಲಿ ವಾರದ ರಜೆ ಶುಕ್ರವಾರ, ಶನಿವಾರ. ಭಾನುವಾರ ಕೆಲಸದ ದಿನ. ಆದ್ದರಿಂದ ಶುಕ್ರವಾರ ಸಂಜೆ ಮೂವರೂ ಕೂಡಿ 'ಏಜ್ ಆಫ್ ಎಂಪೈರ್ಸ್' ಎಂಬ ರಾಜ್ಯ ಕಟ್ಟುವ ಆಟವಾಡುವುದು ಆ ಮನೆಯ ರೂಢಿ. ತಂದೆ ಹೆಚ್ಚು ಮಾತಿನವರಲ್ಲ. ಫೋನಿನಲ್ಲಿ "ಊಟ ಆತೇನು? ಓದಾಕತ್ತೀರೇನು?" ಎಂಬಲ್ಲಿಗೆ ಮಾತು ಮುಗಿಯುತ್ತದೆ. ಆಟಕ್ಕೆ ಕುಳಿತರೆ ಮಾತ್ರ ಎರಡು ತಾಸು ಅದೇ ಮನುಷ್ಯರ ಬಾಯಿ ನಿಲ್ಲುವುದಿಲ್ಲ. "ಕ್ವಾಟಿ ಕಟ್ಟೋ, ತಮ್ಮನ ಕಡೆ ಬಂಗಾರ ತೀರೈತಿ, ನಿಂದ್ರಾಗ ಸ್ವಲ್ಪ ಕೊಡು" ಎನ್ನುತ್ತಾ ನಡುನಡುವೆ ಶಾಲೆಯ ಸುದ್ದಿ, ಊರ ಸುದ್ದಿ, ಅಜ್ಜಿಯ ಮೊಣಕಾಲಿನ ಸುದ್ದಿ ಎಲ್ಲವೂ ಬಂದುಹೋಗುತ್ತವೆ.

ಮನೆಗೆ ಹೊಸ ಫೈಬರ್ ಇಂಟರ್ನೆಟ್ ಬಂದ ಮೇಲೆ ಆಟ ಕೂಡದಾಯಿತು. ಆರಂಭವಾಗುತ್ತದೆ, ಹತ್ತು ನಿಮಿಷಕ್ಕೆ ಕಡಿಯುತ್ತದೆ. ಅಣ್ಣ ತಮ್ಮನ ಮೇಲೆ, ತಮ್ಮ ಅಣ್ಣನ ಮೇಲೆ ತಪ್ಪು ಹೊರಿಸಿದರು. ಮೂರನೆಯ ಶುಕ್ರವಾರ ಆ ಕಡೆಯಿಂದ ತಂದೆ, "ಇರ್ಲಿ ಬಿಡ್ರಿ, ನೀವೂ ದೊಡ್ಡವರಾದ್ರಿ, ನಿಮಗೂ ಬ್ಯಾಸರ ಬಂದಿರ್ಬೇಕು" ಎಂದುಬಿಟ್ಟರಂತೆ. ತಾಯಿ ನಮ್ಮಲ್ಲಿಗೆ ಬಂದದ್ದು ಆ ಮಾತು ಕೇಳಿ. ತಂತಿಯಲ್ಲಿರುವ ದೋಷವನ್ನು ಮನಸ್ಸಿನ ದೋಷವೆಂದು ಎಣಿಸುವ ಹಂತಕ್ಕೆ ಮನೆ ಬಂದಿತ್ತು. ಧರ್ಮಕೇಂದ್ರದ ಯುವಕರಲ್ಲಿ ನೆಟ್‌ವರ್ಕ್ ಕೆಲಸ ಬಲ್ಲ ಒಬ್ಬನನ್ನು ಕರೆದುಕೊಂಡು ನಾವು ಹೋದೆವು. ಅಲ್ಲಿ ಕಂಡದ್ದು ಇಂಥದೇ ಸ್ಥಿತಿಯಲ್ಲಿರುವ ಇತರ ಮನೆಗಳಿಗೂ ಉಪಯೋಗವಾಗಲೆಂದು ಬರೆಯುತ್ತಿದ್ದೇವೆ.

ಮೊದಲು ಈ ಆಟ ಒಳಗೆ ಹೇಗೆ ನಡೆಯುತ್ತದೆಂದು ತಿಳಿಯಬೇಕು. ಇದರ ಮೊದಲ ಆವೃತ್ತಿ 1997ರಲ್ಲಿ, ಎರಡನೆಯದು 1999ರಲ್ಲಿ ಬಂತು. ಆಗ ಮನೆಗಳಲ್ಲಿದ್ದದ್ದು ಫೋನ್ ತಂತಿಯ ಮೋಡೆಮ್. ಸಾವಿರಾರು ಸೈನಿಕರ ಚಲನವಲನವನ್ನೆಲ್ಲ ಆ ಸಣ್ಣ ತಂತಿಯಲ್ಲಿ ಕಳುಹಿಸುವುದು ಆಗದ ಮಾತು. ಹಾಗಾಗಿ ಅದನ್ನು ರಚಿಸಿದವರು ಬೇರೊಂದು ದಾರಿ ಹಿಡಿದರು. ಪ್ರತಿಯೊಬ್ಬ ಆಟಗಾರನ ಕಂಪ್ಯೂಟರೂ ಇಡೀ ಆಟವನ್ನು ತಾನೇ ನಡೆಸುತ್ತದೆ. ತಂತಿಯಲ್ಲಿ ಹೋಗುವುದು "ಈ ಕುದುರೆ ಅಲ್ಲಿಗೆ ಹೋಗಲಿ" ಎಂಬಂಥ ಆಜ್ಞೆಗಳು ಮಾತ್ರ. ಗಾಯನವೃಂದದಲ್ಲಿ ಎಲ್ಲರ ಕೈಯಲ್ಲೂ ಅದೇ ಸ್ವರಲಿಪಿ ಇರುತ್ತದೆ, ನಡುವೆ ಹಂಚಿಕೆಯಾಗುವುದು ತಾಳ ಮಾತ್ರವಲ್ಲವೇ, ಹಾಗೆ. ಈ ವಿಧಾನವನ್ನು ಮಾರ್ಕ್ ಟೆರಾನೊ ಮತ್ತು ಪಾಲ್ ಬೆಟ್ನರ್ ಎಂಬ ರಚನಕಾರರು 2001ರಲ್ಲಿ ಒಂದು ಲೇಖನದಲ್ಲಿ ವಿವರಿಸಿದ್ದಾರೆ. ಕಾಲು ಸೆಕೆಂಡಿನ ತಡ ಆಟಗಾರರ ಗಮನಕ್ಕೇ ಬರುವುದಿಲ್ಲ, ಅರ್ಧ ಸೆಕೆಂಡಿನವರೆಗೂ ಆಡಬಹುದು, ಆದರೆ ಒಮ್ಮೆ ಬೇಗ ಒಮ್ಮೆ ನಿಧಾನ ಆಗುವುದನ್ನು ಮಾತ್ರ ಜನ ಸಹಿಸುವುದಿಲ್ಲ ಎಂದು ಅವರು ಕಂಡುಕೊಂಡರು. ಸದಾ ನಿಧಾನವಾಗಿರುವುದೇ ಅದಕ್ಕಿಂತ ಮೇಲಂತೆ.

ಈ ವಿಧಾನದಿಂದ ಎರಡು ಪರಿಣಾಮಗಳಿವೆ. ಎಲ್ಲರ ಬಳಿ ಇರುವ ಆಟ ಅಕ್ಷರಶಃ ಒಂದೇ ಆವೃತ್ತಿಯದ್ದಾಗಿರಬೇಕು. ಒಬ್ಬರು ಹೊಸ ತಿದ್ದುಪಡಿ ಹಾಕಿಕೊಂಡು ಇನ್ನೊಬ್ಬರು ಹಾಕಿಕೊಳ್ಳದಿದ್ದರೆ ಒಳಗೆ ಸೇರಲು ಆಗುವುದಿಲ್ಲ, ಇಲ್ಲವೇ ನಡುವೆ 'ಔಟ್ ಆಫ್ ಸಿಂಕ್' ಎಂದು ಹೇಳಿ ಆಟ ನಿಲ್ಲುತ್ತದೆ. ಅಂಗಡಿಯಲ್ಲಿ ಯಾರೋ ಹಾಕಿಕೊಟ್ಟ ಕಳ್ಳ ಪ್ರತಿಗಳಲ್ಲಿ ಈ ತೊಂದರೆ ಹೆಚ್ಚು. ಜೊತೆಗೆ ವೈರಸ್ಸಿನ ಭಯ ಬೇರೆ. (ಏಳನೆಯ ಕಟ್ಟಳೆಯನ್ನು ಇಲ್ಲಿ ಬೋಧಿಸಲು ಹೊರಟಿಲ್ಲ, ಅದಕ್ಕೆ ಬೇರೆ ವೇದಿಕೆಯಿದೆ.) ಎರಡನೆಯದು, ಯಾರ ಕಂಪ್ಯೂಟರ್ ಎಲ್ಲಕ್ಕಿಂತ ನಿಧಾನವೋ ಅದರ ವೇಗಕ್ಕೇ ಎಲ್ಲರೂ ಇಳಿಯಬೇಕು. "ನೆಟ್ ಸರಿಯಿಲ್ಲ" ಎಂದು ಮಕ್ಕಳು ಗೊಣಗುವಾಗ ಬಹಳ ಸಲ ಸೋಲುತ್ತಿರುವುದು ನೆಟ್ ಅಲ್ಲ, ಮೂಲೆಯಲ್ಲಿರುವ ಹಳೆಯ ಲ್ಯಾಪ್‌ಟಾಪ್.

ಇನ್ನು ಹುಡುಕುವ ಕ್ರಮ. ಮನೆಯೊಳಗಿನಿಂದ ಆರಂಭಿಸಿ ಹೊರಗೆ ಹೋಗುವುದು ಒಳ್ಳೆಯದು. ಒಂದೇ ಮನೆಯ ಇಬ್ಬರು ಮಕ್ಕಳ ಕಂಪ್ಯೂಟರ್‌ಗಳೇ ಪರಸ್ಪರ ಕಾಣದಿದ್ದರೆ ಕುವೈತ್‌ನ ಮಾತೇಕೆ? ಒಂದು ಕಂಪ್ಯೂಟರ್ ಮನೆಯ ವೈಫೈನಲ್ಲಿ, ಇನ್ನೊಂದು ಅದೇ ರೂಟರಿನ 'ಗೆಸ್ಟ್' ವೈಫೈನಲ್ಲಿ ಇದ್ದರೆ ಅವು ಸಾಮಾನ್ಯವಾಗಿ ಒಂದನ್ನೊಂದು ಕಾಣವು. ವಿಂಡೋಸ್‌ನಲ್ಲಿ ಮನೆಯ ಸಂಪರ್ಕವನ್ನು 'ಪಬ್ಲಿಕ್' ಎಂದು ಗುರುತಿಸಿದ್ದರೆ ಫೈರ್‌ವಾಲ್ ಬಿಗಿಯಾಗುತ್ತದೆ. 'ಪ್ರೈವೇಟ್' ಎಂದು ಬದಲಿಸಬೇಕು. 2004ರ ಆಗಸ್ಟ್‌ನಲ್ಲಿ ಬಂದ ಎಕ್ಸ್‌ಪಿಯ ಸರ್ವಿಸ್ ಪ್ಯಾಕ್ 2ರಿಂದ ಈಚೆಗೆ ಫೈರ್‌ವಾಲ್ ತಾನಾಗಿಯೇ ಚಾಲೂ ಇರುತ್ತದೆ. ಆಟ ಮೊದಲ ಸಲ ತೆರೆದಾಗ ಅನುಮತಿ ಕೇಳುವ ಕಿಟಕಿ ಬರುತ್ತದೆ. ಅವಸರದಲ್ಲಿ 'ಕ್ಯಾನ್ಸಲ್' ಒತ್ತಿದ ಹುಡುಗನಿಗೆ ಆಮೇಲೆ ಅದರ ನೆನಪೂ ಇರುವುದಿಲ್ಲ. ಫೈರ್‌ವಾಲ್ ಪಟ್ಟಿಯಲ್ಲಿ ಆ ಆಟಕ್ಕೆ ಮಾತ್ರ ಅನುಮತಿ ಕೊಟ್ಟರೆ ಸಾಕು.

1999ರ ಹಳೆಯ ಸಿಡಿಯಿಂದಲೇ ಆಡುವವರಿಗೆ ಇನ್ನೊಂದು ಸಂಗತಿ. ಆ ಆಟ 'ಡೈರೆಕ್ಟ್‌ಪ್ಲೇ' ಎಂಬ ಭಾಗವನ್ನು ಅವಲಂಬಿಸಿದೆ. ವಿಂಡೋಸ್ 10ರಲ್ಲಿ ಅದು ನಿದ್ದೆಯಲ್ಲಿರುತ್ತದೆ. ಕಂಟ್ರೋಲ್ ಪ್ಯಾನೆಲ್‌ನಲ್ಲಿ ವಿಂಡೋಸ್ ಫೀಚರ್ಸ್ ಪಟ್ಟಿ ತೆರೆದು 'ಲೆಗಸಿ ಕಾಂಪೊನೆಂಟ್ಸ್' ಅಡಿಯಲ್ಲಿ ಅದನ್ನು ಎಬ್ಬಿಸಬೇಕು.

ಗೋವಾದ ಮನೆಗಳ ಬಗ್ಗೆ ಒಂದು ಮಾತು. ಇಲ್ಲಿನ ಹಳೆಯ ಮನೆಗಳ ಗೋಡೆಗಳು ದಪ್ಪ ಕೆಂಪುಕಲ್ಲಿನವು. ಬೇಸಿಗೆಗೆ ತಂಪು, ವೈಫೈಗೆ ಶತ್ರು. ಬಾಲ್ಕಾಂವ್‌ನ ಹತ್ತಿರ ಇಟ್ಟ ರೂಟರ್ ಹಿಂದಿನ ಕೋಣೆಗೆ ಮುಟ್ಟುವಷ್ಟರಲ್ಲಿ ಉಸಿರು ಬಿಡುತ್ತದೆ. ವಿಡಿಯೋ ನೋಡುವಾಗ ಇದು ಗೊತ್ತಾಗುವುದಿಲ್ಲ, ಏಕೆಂದರೆ ವಿಡಿಯೋ ಮುಂದಿನದನ್ನು ಮೊದಲೇ ತುಂಬಿಸಿಟ್ಟುಕೊಂಡಿರುತ್ತದೆ. ಆಟಕ್ಕೆ ಆ ಸೌಲಭ್ಯವಿಲ್ಲ. ರೂಟರಿನಿಂದ ಒಂದು ಲ್ಯಾನ್ ಕೇಬಲ್ ಎಳೆದುಬಿಡಿ. ದುಬಾರಿ ರೂಟರ್ ಕೊಳ್ಳುವುದಕ್ಕಿಂತ ಇದು ಅಗ್ಗ, ಫಲವೂ ಖಚಿತ. ಮಳೆಗಾಲದಲ್ಲಿ ತೆಂಗಿನ ಗರಿ ಬಿದ್ದು ಫೈಬರ್ ತುಂಡಾದರೆ ಪೆಟ್ಟಿಗೆಯ ಮೇಲೆ ಕೆಂಪು ದೀಪ ಹೊತ್ತುತ್ತದೆ; ಆಗ ಮನೆಯವರು ಏನು ಮಾಡಿದರೂ ಪ್ರಯೋಜನವಿಲ್ಲ, ದೂರು ಕೊಟ್ಟು ಕಾಯಬೇಕು.

ವಾಸ್ಕೊದ ಮನೆಯಲ್ಲಿ ಇವೆಲ್ಲ ಸರಿಯಿದ್ದವು. ದೋಷ ಹೊರಗಿತ್ತು. ಇಂಟರ್ನೆಟ್ಟಿನ ಹಳೆಯ ಪದ್ಧತಿಯ ವಿಳಾಸಗಳು ಒಟ್ಟು ಸುಮಾರು 430 ಕೋಟಿ ಮಾತ್ರ. ಏಷ್ಯಾ ಪೆಸಿಫಿಕ್ ಪ್ರದೇಶದ ಸಾಮಾನ್ಯ ಸಂಗ್ರಹ 2011ರ ಏಪ್ರಿಲ್‌ನಲ್ಲೇ ಬರಿದಾಯಿತು. ಅಂದಿನಿಂದ ಅನೇಕ ಕಂಪನಿಗಳು ನೂರಾರು ಮನೆಗಳನ್ನು ಒಂದೇ ಹೊರವಿಳಾಸದ ಹಿಂದೆ ಕೂರಿಸುತ್ತಿವೆ. ದೊಡ್ಡ ವಸತಿ ಸಮುಚ್ಚಯಕ್ಕೆ ಒಂದೇ ಅಂಚೆ ಪೆಟ್ಟಿಗೆ ಇದ್ದಂತೆ. ನೀವು ಬರೆದ ಪತ್ರ ಹೋಗುತ್ತದೆ, ಅದರ ಉತ್ತರವೂ ಬರುತ್ತದೆ. ಆದರೆ ಹೊರಗಿನವರು ತಾವಾಗಿ ಬಂದು ನಿಮ್ಮ ಬಾಗಿಲು ಬಡಿಯಲು ದಾರಿಯಿಲ್ಲ. ಗುರುತಿಸುವ ಬಗೆ ಸುಲಭ. ರೂಟರಿನ ಪುಟದಲ್ಲಿ 'ವ್ಯಾನ್ ಐಪಿ' ಎಂದಿರುವ ವಿಳಾಸವನ್ನೂ, ನಿಮ್ಮ ಐಪಿ ತೋರಿಸುವ ಯಾವುದಾದರೂ ಜಾಲತಾಣ ಹೇಳುವ ವಿಳಾಸವನ್ನೂ ಹೋಲಿಸಿ ನೋಡಿ. ಎರಡೂ ಬೇರೆಯಾಗಿದ್ದು, ಮೊದಲನೆಯದು 100.64ರಿಂದ 100.127ರ ನಡುವೆ ಆರಂಭವಾಗಿದ್ದರೆ ಅದೇ ಕಾರಣ. ಈ ಕೆಲಸಕ್ಕೆಂದೇ 2012ರಲ್ಲಿ ಮೀಸಲಿಟ್ಟ ವಿಳಾಸಗಳವು.

ಆ ಮನೆಯವರು 'ಹಮಾಚಿ' ಎಂಬ ತಂತ್ರಾಂಶದಿಂದ ಎರಡು ದೇಶಗಳ ಕಂಪ್ಯೂಟರ್‌ಗಳನ್ನು ಒಂದೇ ಮನೆಯವೆಂಬಂತೆ ಜೋಡಿಸಿಕೊಂಡಿದ್ದರು. ಹಳೆಯ ಸಂಪರ್ಕದಲ್ಲಿ ಅದು ನೇರ ಹಾದಿ ಹಿಡಿಯುತ್ತಿತ್ತು. ಹೊಸದರಲ್ಲಿ ನೇರ ಹಾದಿ ಸಿಗದೆ ಮಧ್ಯವರ್ತಿಯ ಮೂಲಕ ಸುತ್ತಿ ಬಳಸಿ ಹೋಗಿ ದಾರಿಯಲ್ಲೇ ಕಡಿಯುತ್ತಿತ್ತು. ಅಣ್ಣನದಾಗಲೀ ತಮ್ಮನದಾಗಲೀ ತಪ್ಪಿರಲಿಲ್ಲ.

ನಾವು ಹೋಗುವ ಮೊದಲೇ ಯಾರೋ ಬಲ್ಲವರು ಒಂದು ಉಪಾಯ ಹೇಳಿದ್ದರು: ಫೈರ್‌ವಾಲ್ ಪೂರ್ತಿ ಆಫ್ ಮಾಡಿ, ರೂಟರಿನಲ್ಲಿ ಆ ಕಂಪ್ಯೂಟರನ್ನು 'ಡಿಎಂಜೆಡ್'ಗೆ ಹಾಕಿ ಎಂದು. ಹುಡುಗ ಹಾಗೇ ಮಾಡಿದ್ದ. ಹಾಗೆಂದರೆ ಮುಂಬಾಗಿಲು ತೆರೆದಿಟ್ಟು ಮಲಗಿದಂತೆ. ಅದೇ ಕಂಪ್ಯೂಟರಿನಲ್ಲಿ ತಾಯಿಯ ಬ್ಯಾಂಕ್ ವ್ಯವಹಾರ, ಎಲ್ಲರ ಆಧಾರ್ ಪ್ರತಿ, ತಂದೆಯ ಪಾಸ್‌ಪೋರ್ಟ್ ಪ್ರತಿ ಇದ್ದವು. ರೂಟರಿನ ಪಾಸ್‌ವರ್ಡ್ ಪೆಟ್ಟಿಗೆಯ ಜೊತೆ ಬಂದದ್ದೇ. ಕಂಪನಿ ಹಂಚಿದ ವಿಳಾಸದ ಹಿಂದೆ ಇದ್ದುದರಿಂದ ಹೊರಗಿನವರಿಗೆ ಬಾಗಿಲು ಕಾಣಲಿಲ್ಲ, ಅಷ್ಟೇ. ಇಂಥ ಸಲಹೆ ಕೊಡುವವರು ಎಲ್ಲ ಊರಲ್ಲೂ ಇದ್ದಾರೆ, ದಯವಿಟ್ಟು ಕೇಳಬೇಡಿ. ಎರಡನ್ನೂ ಮೊದಲಿನಂತೆ ಮಾಡಿಸಿ, ಪಾಸ್‌ವರ್ಡ್ ಬದಲಿಸಿದ ಮೇಲೆಯೇ ಯುವಕ ಮುಂದಿನ ಕೆಲಸಕ್ಕೆ ಕೈಹಾಕಿದ.

ದಾರಿಗಳು ಎರಡಿದ್ದವು. ತಿಂಗಳಿಗೆ ಇಷ್ಟೆಂದು ಹೆಚ್ಚುವರಿ ಹಣ ಕೊಟ್ಟು ಕಂಪನಿಯಿಂದ ಸ್ವಂತ ವಿಳಾಸ ಪಡೆಯುವುದು ಒಂದು. 2019ರ ನವೆಂಬರ್‌ನಲ್ಲಿ ಬಂದ ಅದೇ ಆಟದ 'ಡೆಫಿನಿಟಿವ್ ಎಡಿಷನ್'ಗೆ ಮೂವರೂ ಬದಲಾಗುವುದು ಇನ್ನೊಂದು. ಹೊಸ ಆವೃತ್ತಿಯಲ್ಲಿ ಯಾರೂ ಯಾರ ಬಾಗಿಲನ್ನೂ ಬಡಿಯಬೇಕಿಲ್ಲ; ಎಲ್ಲರೂ ನಡುವಿನ ಒಂದು ಸರ್ವರ್‌ಗೆ ಹೋಗಿ ಸೇರುತ್ತಾರೆ. ಮೈಕ್ರೋಸಾಫ್ಟ್‌ನ 'ಸೆಂಟ್ರಲ್ ಇಂಡಿಯಾ' ಕೇಂದ್ರ ಇರುವುದು ಪುಣೆಯಲ್ಲಿ, ಗೋವಾಕ್ಕೆ ಹತ್ತಿರ. ಅವರು ಎರಡನೆಯದನ್ನು ಆರಿಸಿಕೊಂಡರು. ರಿಯಾಯಿತಿ ದರ ಬರುವವರೆಗೆ ಕಾಯ್ದು ಕೊಂಡರು ಅನ್ನಿ. ಇದಕ್ಕೆ 64 ಬಿಟ್‌ನ ವಿಂಡೋಸ್ 10, ಕನಿಷ್ಠ 4 ಜಿಬಿ ರ‍್ಯಾಮ್ ಬೇಕು. ತಮ್ಮನ ಕಂಪ್ಯೂಟರ್‌ನಲ್ಲಿ ಇದ್ದದ್ದು ಸರಿಯಾಗಿ ಅಷ್ಟೇ. ಅಂದದ ಚಿತ್ರಗಳ ಹೆಚ್ಚುವರಿ ಪ್ಯಾಕ್ ತೆಗೆದುಹಾಕಿದ ಮೇಲೆ ಅದೂ ಹೆಜ್ಜೆ ಹಾಕಿತು. ಈಗ ತಮ್ಮ ಪೋರ್ಚುಗೀಸರ ಪಕ್ಷ ಹಿಡಿದು 'ಫೆಯಿಟೋರಿಯಾ' ಕಟ್ಟುತ್ತಾನೆ, ಅಣ್ಣ 2022ರಲ್ಲಿ ಸೇರಿದ ದ್ರಾವಿಡರ ಪಕ್ಷ. ಗೋವಾದ ಕನ್ನಡ ಮನೆಯಲ್ಲಿ ಇದಕ್ಕಿಂತ ಸಹಜವಾದ ಜಗಳ ಇನ್ನೇನಿದ್ದೀತು!

ತಂದೆ ದುಬೈ, ಅಬುಧಾಬಿ ಕಡೆ ಇರುವ ಮನೆಗಳಿಗೆ ಒಂದು ಎಚ್ಚರಿಕೆ. ಆಟ ಕೂಡದಿದ್ದಾಗ "ಅಪ್ಪಾ, ಒಂದು ವಿಪಿಎನ್ ಹಾಕಿಕೋ" ಎನ್ನುವುದು ಮಕ್ಕಳಿಗೆ ಸುಲಭ. ಅಲ್ಲಿನ ಕಾನೂನಿನಂತೆ, ಅಪರಾಧ ಎಸಗಲು ಅಥವಾ ಮುಚ್ಚಿಡಲು ಐಪಿ ವಿಳಾಸ ಮರೆಮಾಚಿದರೆ ದಂಡ 5 ಲಕ್ಷದಿಂದ 20 ಲಕ್ಷ ದಿರ್ಹಾಮ್. ಆಟವಾಡುವುದು ಅಪರಾಧವಲ್ಲ, ನಿಜ. ಆದರೆ ಆ ದೇಶದಲ್ಲಿ ತಡೆಹಿಡಿದ ಕರೆ ಸೌಲಭ್ಯವನ್ನು ಅದೇ ವಿಪಿಎನ್‌ನಲ್ಲಿ ಬಳಸಿದರೆ ತೊಡಕು ಬಂದೀತು. ಕೆಲಸದ ಮೇಲಿರುವ ಮನುಷ್ಯನನ್ನು ಇದಕ್ಕೆ ಒತ್ತಾಯಿಸಬೇಡಿ. ನಡುವಿನ ಸರ್ವರ್ ಇರುವ ಆಟಕ್ಕೆ ಅದರ ಅಗತ್ಯವೂ ಇಲ್ಲ.

ಹಡಗಿನಲ್ಲಿ ದುಡಿಯುವವರನ್ನು ಗೋವಾದಲ್ಲಿ 'ತಾರ್ವೊಟಿ' ಎನ್ನುತ್ತಾರೆ. ಅವರ ಮನೆಗಳ ಕತೆ ಬೇರೆ. ಹಳೆಯ ಮಾದರಿಯ ಉಪಗ್ರಹ ಸುಮಾರು 36,000 ಕಿಲೋಮೀಟರ್ ಎತ್ತರದಲ್ಲಿರುತ್ತದೆ. ಆಜ್ಞೆ ಹೋಗಿ ಉತ್ತರ ಬರಲು ಅರ್ಧ ಸೆಕೆಂಡಿಗಿಂತ ಹೆಚ್ಚು ಬೇಕು. ಯಾವ ಸೆಟ್ಟಿಂಗ್ ಬದಲಿಸಿದರೂ ಬೆಳಕಿನ ವೇಗ ಹೆಚ್ಚುವುದಿಲ್ಲ. ಸ್ಟಾರ್‌ಲಿಂಕ್ 2022ರಿಂದ ಹಡಗುಗಳಿಗೂ ಸೇವೆ ಕೊಡುತ್ತಿದೆ. ಅದರ ಉಪಗ್ರಹಗಳು ಸುಮಾರು 550 ಕಿಲೋಮೀಟರ್ ಎತ್ತರದಲ್ಲಿರುವುದರಿಂದ ತಡ ಬಹಳ ಕಡಿಮೆ. ನಾವಿಕ ಕಾರ್ಮಿಕರ ಅಂತರರಾಷ್ಟ್ರೀಯ ಒಡಂಬಡಿಕೆಗೆ ಮಾಡಿದ ತಿದ್ದುಪಡಿ 2024ರ ಡಿಸೆಂಬರ್ 23ರಂದು ಜಾರಿಗೆ ಬಂದಿದ್ದು, ಸಾಧ್ಯವಿರುವಷ್ಟರ ಮಟ್ಟಿಗೆ ನಾವಿಕರಿಗೆ ಇಂಟರ್ನೆಟ್ ಒದಗಿಸಬೇಕೆಂದು ಹೇಳುತ್ತದೆ. ಹಡಗು ಹತ್ತುವ ಮೊದಲೇ ಯಾವ ಬಗೆಯ ಸಂಪರ್ಕವಿದೆ, ದಿನಕ್ಕೆ ಎಷ್ಟು ಡೇಟಾ ಸಿಗುತ್ತದೆ ಎಂದು ಕೇಳಿಟ್ಟುಕೊಳ್ಳಿ. ಹಳೆಯ ಉಪಗ್ರಹವೆಂದಾದರೆ ಈ ಆಟ ಬೇಡ. ಸರದಿಯ ಪ್ರಕಾರ ನಡೆ ಇಡುವ ಚದುರಂಗ ಆಡಿ; ಮಗಳು ಬೆಳಿಗ್ಗೆ ಕುದುರೆ ನಡೆಸಿದರೆ ಅಪ್ಪ ಪಾಳಿ ಮುಗಿಸಿ ರಾತ್ರಿ ಉತ್ತರ ಕೊಡಬಹುದು.